ದೆವ್ವದ ಬಾಯಲ್ಲಿ ಹೆಂಡತಿಯ ಮಾತು

ಲೋಕದಲ್ಲಿ ಇಸ್ತ್ರಿಪೆಟ್ಟಿಗೆ ಕೊಂಡವರು ಲೆಕ್ಕವಿಲ್ಲದಷ್ಟು ಜನ ಇದ್ದಾರೆ. ಅದರ ಜೊತೆ ಬರುವ ಚಿಕ್ಕ ಪುಸ್ತಕವನ್ನು ಓದಿದವರು ಮಾತ್ರ ದೀಪ ಹಚ್ಚಿ ಹುಡುಕಿದರೂ ಸಿಗುವುದಿಲ್ಲ. ಆದರೆ ಆ ಪುಸ್ತಕವನ್ನೂ ಯಾರೋ ಒಬ್ಬರು ಬೆನ್ನು ಬಗ್ಗಿಸಿ ಕೂತು ಬರೆದಿರುತ್ತಾರೆ ಎಂಬುದನ್ನು ನಾವು ಮರೆಯಬಾರದು. ನಮ್ಮ ಕಥಾನಾಯಕರು ಆ ಪೈಕಿ. ಪರದೇಶದ ಯಂತ್ರಗಳ ಕೈಪಿಡಿಗಳನ್ನು ನಮ್ಮ ಭಾಷೆಗೆ ತರುವುದು ಅವರ ಕಸುಬು. 'ಒದ್ದೆ ಕೈಯಿಂದ ಮುಟ್ಟಬೇಡಿ', 'ಮಕ್ಕಳಿಗೆ ಎಟುಕದಂತೆ ಇಡಿ' ಮುಂತಾದ ಮಹಾವಾಕ್ಯಗಳು ಅವರ ಲೇಖನಿಯಿಂದ ಬಂದವು. ಬೀದಿಯವರು ಅವರನ್ನು ಎದುರಿಗೆ 'ಕೈಪಿಡಿ ಸಾರ್' ಎಂದೂ ಬೆನ್ನ ಹಿಂದೆ ಬರೀ 'ಕೈಪಿಡಿ' ಎಂದೂ ಕರೆಯುತ್ತಿದ್ದರು.

ಒಂದು ಇಸ್ತ್ರಿಪೆಟ್ಟಿಗೆಗೆ ಎರಡು ಪುಟ ಎಚ್ಚರಿಕೆ ಬರೆಯುವ ಈ ಮನುಷ್ಯ ಮನೆಯಲ್ಲಿ ಬಾಯಿ ಬಿಡುತ್ತಿರಲಿಲ್ಲ. ಮಾತು ಬೆಳ್ಳಿ, ಮೌನ ಬಂಗಾರ ಎಂಬ ಗಾದೆಯನ್ನು ಪೂರ್ತಿ ನಂಬಿ ಮನೆ ತುಂಬ ಬಂಗಾರ ಮಾಡಿಟ್ಟುಕೊಂಡಿದ್ದರು. ಬೆಳ್ಳಿಯ ಖಾತೆಯೆಲ್ಲ ಹೆಂಡತಿಯದು. ಆಕೆ ಮಾತಾಡುವುದು, ಇವರು "ಹೂಂ" ಎನ್ನುವುದು, ಸಂಸಾರ ಹೀಗೆ ಚೆನ್ನಾಗಿಯೇ ನಡೆದಿತ್ತು.

ಒಂದು ದಿನ ಆಕೆ ಕೇಳಿದರು: "ನಾನು ಸ್ವಲ್ಪ ದಿನ ಅಣ್ಣನ ಮನೆಗೆ ಹೋಗ್ಬರ್ಲಾ?"

"ನಿನ್ನಿಷ್ಟ."

"ಹೋಗು ಅಂತೀರೋ, ಬೇಡ ಅಂತೀರೋ?"

"ನಿನ್ನಿಷ್ಟ ಅಂದ್ನಲ್ಲ."

"ನಾನಿಲ್ಲದಿದ್ರೆ ನಿಮಗೇನೂ ಅನ್ಸಲ್ವಾ?"

ಕೈಪಿಡಿಯವರ ಎದೆಯಲ್ಲಿ ಉತ್ತರ ಇತ್ತು. ಎದೆಯಿಂದ ಬಾಯಿಗೆ ಬರುವ ದಾರಿಯಲ್ಲಿ ಅದು ಎಲ್ಲಿಯೋ ಕೂತುಬಿಟ್ಟಿತು. ಅವರು ವಾಷಿಂಗ್ ಮೆಷಿನ್ನಿನ ನೀರಿನ ಕೊಳವೆಯ ಚಿತ್ರವನ್ನು ನೋಡುತ್ತಾ ಕೂತರು. ಹೆಂಡತಿ ಎರಡು ಸೂಟ್‌ಕೇಸ್ ತುಂಬಿದರು. ಒಂದು ಸೂಟ್‌ಕೇಸ್ ಆದರೆ ಹೋಗಿ ಬರುವುದು, ಎರಡಾದರೆ ಹೋಗುವುದು, ಎಂಬುದು ಮದುವೆಯಾದ ಯಾವ ಗಂಡಸಿಗೂ ಗೊತ್ತಿರಬೇಕಾದ ವಿಷಯ. ಇವರು ಎರಡನ್ನೂ ತಾವೇ ಹೊತ್ತು ಟ್ಯಾಕ್ಸಿಗೆ ಹಾಕಿ, ಡಿಕ್ಕಿಯ ಬಾಗಿಲು ಸರಿಯಾಗಿ ಬಿತ್ತೇ ಎಂದು ಪರೀಕ್ಷಿಸಿ, ಒಳಗೆ ಬಂದರು.

ಆಮೇಲೆ ಮನೆ ಬಿಕೋ ಎನ್ನತೊಡಗಿತು. ಅವಳೇ ಹೋದವಳು, ಅವಳೇ ಬರಲಿ ಎಂದು ಇವರು. ಕರೆಯದೆ ಹೋಗುವುದು ಹೇಗೆ ಎಂದು ಆಕೆ. ಇಬ್ಬರ ನಡುವೆ ಫೋನು ಸುಮ್ಮನೆ ಬಿದ್ದಿತ್ತು. ಕೈಪಿಡಿಯವರು ಕಾಫಿಗೆ ಎರಡು ಲೋಟ ಇಟ್ಟು, ಆಮೇಲೆ ಒಂದನ್ನು ತೆಗೆದು, ಇಟ್ಟದ್ದನ್ನು ಯಾರೂ ನೋಡಲಿಲ್ಲವಲ್ಲ ಎಂದು ಸುತ್ತ ನೋಡುತ್ತಿದ್ದರು. ಒಮ್ಮೆ ಬೇಕೆಂದೇ ಒದ್ದೆ ಟವೆಲನ್ನು ಮಂಚದ ಮೇಲೆ ಎಸೆದು ಸ್ವಲ್ಪ ಹೊತ್ತು ಕಾದರು. ಯಾರೂ ಬೈಯಲಿಲ್ಲ. ಬೈಯುವವರಿಲ್ಲದ ಮನೆಯಲ್ಲಿ ತಪ್ಪು ಮಾಡುವುದರಲ್ಲೂ ಸುಖವಿಲ್ಲ ಎಂದು ತಿಳಿದು ತಾವೇ ಎತ್ತಿ ಒಣಹಾಕಿದರು.

ಇಂಥ ಹೊತ್ತಿನಲ್ಲಿ ಒಂದು ಗೇಮ್ ಕಂಪನಿಯ ಮ್ಯಾನೇಜರ್ ಹುಡುಗಿ ಫೋನ್ ಮಾಡಿದಳು.

"ಸಾರ್, ಒಂದು ಜಪಾನಿ ಗೇಮ್ ಇದೆ. ಓದೋ ಗೇಮ್. ಚಿತ್ರ ಬರುತ್ತೆ, ಕೆಳಗೆ ಮಾತು ಬರುತ್ತೆ, ಮಧ್ಯೆ ಮಧ್ಯೆ 'ಹೀಗೆ ಮಾಡ್ತೀಯಾ, ಹಾಗೆ ಮಾಡ್ತೀಯಾ' ಅಂತ ಕೇಳುತ್ತೆ. ಆಡೋರು ಆರಿಸ್ತಾರೆ, ಅದರ ಮೇಲೆ ಕಥೆ ತಿರುಗುತ್ತೆ. ನೀವು ಇಂಥದ್ದು ಮಾಡಿದ್ದೀರಾ?"

ಕೈಪಿಡಿಯವರು ಗೇಮ್ ಎಂದರೆ ಲೂಡೋ ಎಂದು ತಿಳಿದವರು. ಆದರೂ ಗಂಟಲು ಸರಿಮಾಡಿಕೊಂಡು, "ಜಪಾನಿನೋರದ್ದು ತಾನೇ? ಅವರ ಫ್ಯಾನು, ಹೀಟರು, ಹೊಲಿಗೆ ಯಂತ್ರ ಎಲ್ಲ ನನ್ನ ಕೈ ಮೇಲೇ ಹೋಗಿರೋದು," ಎಂದರು.

"ಪದಗಳೆಲ್ಲ ಒಂದು ಹಾಳೇಲಿ ಬರುತ್ತೆ ಸಾರ್, ಹಿಂದೆ ಮುಂದೆ ಆಗಿರುತ್ತೆ. ಅದಕ್ಕೆ ಕಥೆ ಏನು, ಯಾವ ಮಾತು ಎಲ್ಲಿ ಬರುತ್ತೆ ಅಂತ ಬೇರೆ ಒಂದು ವಿವರಣೆ ಕಳಿಸ್ತೀನಿ. ದಯವಿಟ್ಟು ಮೊದಲು ಅದನ್ನ ಓದಿ."

ವಿವರಣೆ ಬಂತು. ಇವರು ತೆರೆಯಲಿಲ್ಲ. ಕೈಪಿಡಿ ಬರೆಯುವವನು ಬೇರೆಯವರ ಕೈಪಿಡಿ ಓದುತ್ತಾನೆಯೇ? ಅಡುಗೆಯವನು ಮದುವೆಮನೆಯಲ್ಲಿ ಬಡಿಸಿಕೊಂಡು ಉಂಡ ಹಾಗಾಯಿತು ಎಂದುಕೊಂಡು ನೇರ ವಾಕ್ಯಗಳಿಗೇ ಕೈ ಹಾಕಿದರು.

ವಾಕ್ಯಗಳು ಚೆಲ್ಲಿದ ಕಾಳಿನ ಹಾಗೆ ಬಿದ್ದಿದ್ದವು. ಯಾರೋ ಒಬ್ಬಳು ಹೆಂಗಸು, ಯಾರೋ ಒಬ್ಬ ಗಂಡಸು. 'ನಿನ್ನ ಹೆಜ್ಜೆಯ ಸದ್ದು ನನಗೆ ಗೊತ್ತು.' 'ಇಷ್ಟು ಹೊತ್ತು ಎಲ್ಲಿದ್ದೆ?' 'ನಿನ್ನ ಕೂದಲು ಒದ್ದೆಯಾಗಿದೆ.' 'ಇಲ್ಲಿ ಚಳಿ.' 'ನಾನು ಈ ಬಾಗಿಲ ಹಿಂದೆಯೇ ಇರುತ್ತೇನೆ.' ಗೇಮಿನ ಹೆಸರೂ 'ಬಾಗಿಲ ಹಿಂದಿನವಳು' ಎಂದೇ. ಕೈಪಿಡಿಯವರಿಗೆ ಎಲ್ಲವೂ ಹಗಲಿನಷ್ಟು ಸ್ಪಷ್ಟವಾಯಿತು. ಗಂಡ ತಡವಾಗಿ ಮನೆಗೆ ಬರುತ್ತಾನೆ, ಹೆಂಡತಿ ಬಾಗಿಲಲ್ಲಿ ಕಾಯುತ್ತಾಳೆ. ಎಂಥ ಚೆಂದದ ಸಂಸಾರದ ಕಥೆ! ಜಪಾನಿನವರು ಯಂತ್ರ ಮಾತ್ರ ಮಾಡುತ್ತಾರೆಂದು ತಿಳಿದಿದ್ದರೆ ಇಷ್ಟು ಮೃದುವಾದ ಮನಸ್ಸೂ ಅವರಿಗಿದೆಯಲ್ಲ ಎಂದು ಅವರ ಕಣ್ಣು ಒದ್ದೆಯಾಯಿತು.

ಇಷ್ಟು ವರ್ಷ ಒಬ್ಬಳೇ ಒಬ್ಬ ಹೆಂಡತಿಯ ಮಾತು ಕೇಳಿದವರು ಆ ಹೆಂಗಸಿಗೆ ಬೇರೆ ಯಾರ ದನಿ ಕೊಟ್ಟಾರು? 'ಇಷ್ಟು ಹೊತ್ತು ಎಲ್ಲಿದ್ದೆ?' ಎಂಬುದು, "ಈಗ ಬಂತಾ ಮನೆ ನೆನಪು? ದಾರಿ ತಪ್ಪಿ ಬಂದ್ರೋ ಏನೋ!" ಎಂದಾಯಿತು. 'ನಿನ್ನ ಕೂದಲು ಒದ್ದೆಯಾಗಿದೆ' ಎಂಬುದು, "ತಲೆ ಒರೆಸ್ಕೊಳ್ಳಿ ಮೊದ್ಲು. ನೆಗಡಿ ಆದ್ರೆ ನನ್ನ ಪ್ರಾಣ ತಿನ್ನೋರು ನೀವೇ" ಎಂದಾಯಿತು. 'ನಿನ್ನ ಕೈಯಲ್ಲಿ ರಕ್ತ' ಎಂಬ ಒಂದು ಸಾಲು ಸ್ವಲ್ಪ ತೊಡಕು ಕೊಟ್ಟಿತು. ತರಕಾರಿ ಹೆಚ್ಚುವಾಗ ಕುಯ್ದುಕೊಂಡಿರಬೇಕೆಂದು ಊಹಿಸಿ, "ಕೊಡಿ ಇಲ್ಲಿ ಚಾಕು, ನಿಮ್ಮಿಂದ ಒಂದು ಕೆಲಸ ಆಗಲ್ಲ. ಹೋಗಿ ಕೈ ತೊಳ್ಕೊಳ್ಳಿ" ಎಂದು ಬರೆದರು.

ಗಂಡನ ಪಾಲಿಗೆ ಬರುವಾಗ ಒಂದು ವಿಚಿತ್ರ ಕಂಡಿತು. ಅವನ ಹೆಸರಿನ ಮುಂದೆ ಎಲ್ಲ ಕಡೆ ಬರೀ ಚುಕ್ಕಿಗಳು. ಕೈಪಿಡಿಯ ಕಸುಬಿನಲ್ಲಿ ಚುಕ್ಕಿ ಎಂದರೆ ಖಾಲಿ ಜಾಗ. ಮಾದರಿ ಸಂಖ್ಯೆಯೋ ವೋಲ್ಟೇಜೋ ಅಲ್ಲಿ ನಾವು ತುಂಬಬೇಕು. ತುಂಬದೆ ಬಿಟ್ಟ ಚುಕ್ಕಿಯಿಂದ ಒಮ್ಮೆ ಒಂದು ಹೀಟರ್ ಕಂಪನಿಗೆ ತೊಂದರೆಯಾದದ್ದು ಅವರಿಗೆ ನೆನಪಿತ್ತು. ಹಾಗಾಗಿ ಅವರು ತುಂಬಿದರು. ಮೊದಲು ಅಳುಕುತ್ತಾ, ಆಮೇಲೆ ಕಟ್ಟೆ ಒಡೆದಂತೆ ತುಂಬಿದರು. "ನೀನಿಲ್ಲದೆ ಈ ಮನೇಲಿ ಸದ್ದೇ ಇಲ್ಲ." "ಅವತ್ತು ನೀನು ಕೇಳಿದಾಗ ನನಗೆ ಅನ್ನಿಸ್ತು, ಹೇಳೋಕೆ ಬರಲಿಲ್ಲ." "ನನ್ನ ಬೈಯೋಕಾದ್ರೂ ಬಾ." ಇನ್ನೊಬ್ಬ ಗಂಡಸಿನ ಬಾಯಿ ಎಂದಾಗ ಮಾತು ಎಷ್ಟು ಸುಲಭ ನೋಡಿ!

ಬರೆದದ್ದನ್ನು ಬಾಯಲ್ಲಿ ಹೇಳಿ ನೋಡುವುದು ಅವರ ಪದ್ಧತಿ. ವಾಷಿಂಗ್ ಮೆಷಿನ್ನಿನ ಪಾಲಿಗೆ ಅದರಿಂದ ಅಪಾಯವಿರಲಿಲ್ಲ. ಈಗ ಅವರು ಹೆಂಗಸಿನ ಮಾತುಗಳನ್ನು ಹೆಂಡತಿಯ ಧಾಟಿಯಲ್ಲೇ, ಆ ಎಳೆತ, ಆ ಏರಿಳಿತ, ಕೊನೆಗೆ ಆ ನಿಟ್ಟುಸಿರು ಎಲ್ಲ ಸೇರಿಸಿ ಹೇಳತೊಡಗಿದರು. ಹೇಳುತ್ತಾ ಹೇಳುತ್ತಾ ಅಡುಗೆಮನೆಯಲ್ಲಿ ಯಾರೋ ಇದ್ದ ಹಾಗೆ ಆಗಿ ಎದೆ ತುಂಬಿ ಬರುತ್ತಿತ್ತು. ಕೆಲಸ ಮುಗಿದ ಸಾಲುಗಳನ್ನೂ ಮತ್ತೆ ಮತ್ತೆ ಹೇಳಿಕೊಳ್ಳುತ್ತಿದ್ದರು.

ಕೆಳಗಿನ ಮಹಡಿಯಲ್ಲಿ ಹಲ್ಲಿನ ಡಾಕ್ಟರ ದವಾಖಾನೆ. ಒಂದು ದಿನ ಮೆಟ್ಟಿಲಲ್ಲಿ ಡಾಕ್ಟರು ಸಿಕ್ಕರು.

"ಏನ್ ಸಾರ್, ಮೇಡಂ ಬಂದ್ರಾ? ಸ್ವರ ಕೇಳಿಸ್ತಾ ಇತ್ತು. ರೋಗಿಗಳ ಬಾಯಿ ತೆಗೆಸಿ ಕೂರಿಸಿದ್ದೆ, 'ಕೈ ತೊಳ್ಕೊಳ್ಳಿ' ಅಂತ ಕೇಳಿಸಿದ ಕೂಡಲೇ ನಾನೇ ಹೋಗಿ ತೊಳ್ಕೊಂಡೆ ನೋಡಿ!"

ಹೆಂಡತಿಯ ದನಿಯಲ್ಲಿ ನಾನೇ ನನ್ನನ್ನು ಬೈದುಕೊಳ್ಳುತ್ತಿದ್ದೆ ಎಂದು ಹೇಳಲು ಯಾವ ಗಂಡಸಿಗೆ ಧೈರ್ಯ ಬಂದೀತು? "ಹೂಂ, ಬಂದಿದ್ದಾಳೆ," ಎಂದರು ಕೈಪಿಡಿಯವರು. ಒಂದು ಸುಳ್ಳಿಗೆ ಇನ್ನೊಂದು ಊರುಗೋಲು ಬೇಕಲ್ಲ. "ಸ್ವಲ್ಪ ನೆಗಡಿ. ಹೊರಗೆ ಬರ್ತಾ ಇಲ್ಲ."

"ಮನೆಗೆ ಕಳೆ ಬಂತು ಬಿಡಿ," ಎಂದರು ಡಾಕ್ಟರು. ಆ ಮಾತಿಗೆ ಕೈಪಿಡಿಯವರಿಗೆ ಎಷ್ಟು ಸಂತೋಷವಾಯಿತೆಂದರೆ, ಸುಳ್ಳೆಂಬುದೇ ಮರೆತು ಮೇಲೆ ಬಂದು ಎರಡು ಲೋಟ ಕಾಫಿ ಮಾಡಿದರು.

ಅಷ್ಟರಲ್ಲಿ ಗೇಮಿನ ಮೊದಲ ಭಾಗವನ್ನು ಕಂಪನಿಯವರು ಮಾದರಿಗೆಂದು ಹೊರಗೆ ಬಿಟ್ಟರು. ಮ್ಯಾನೇಜರ್ ಹುಡುಗಿ ಸಂತೋಷದಲ್ಲಿ ಕಿರುಚಿಕೊಂಡೇ ಫೋನ್ ಮಾಡಿದಳು.

"ಸಾರ್! ಜನ ಹೆದರಿ ನಡುಗ್ತಾ ಇದ್ದಾರೆ! ಇಂಥ ಭಯಂಕರ ದೆವ್ವ ನೋಡೇ ಇಲ್ಲ ಅಂತ ಬರೀತಾ ಇದ್ದಾರೆ!"

"ಯಾವ ದೆವ್ವ?"

"ಅದೇ ಸಾರ್, ಬಾಗಿಲ ಹಿಂದಿನವಳು. ಬೇರೆ ದೆವ್ವಗಳೆಲ್ಲ ಬರೀ ಕಿರುಚ್ತಾವೆ. ಇದು 'ತಲೆ ಒರೆಸ್ಕೊಳ್ಳಿ' ಅನ್ನುತ್ತೆ. ಮದುವೆಯಾದ ಗಂಡಸರಂತೂ ದೀಪ ಹಾಕ್ಕೊಂಡು ಆಡ್ತಿದ್ದಾರಂತೆ!"

ಕೈಪಿಡಿಯವರು ಕುರ್ಚಿ ಹುಡುಕಿ ಕೂತರು. "ಅವಳು... ಅವನ ಹೆಂಡತಿ ಅಲ್ವೇನಮ್ಮ?"

"ಹೆಂಡತಿನೇ ಸಾರ್. ಸತ್ತು ಎಷ್ಟೋ ವರ್ಷ ಆಗಿದೆ. ವಿವರಣೇಲಿ ಮೊದಲನೇ ಸಾಲೇ ಅದು. ಆಮೇಲೆ ಇನ್ನೊಂದು, ಆ ಗಂಡ ಮೂಲದಲ್ಲಿ ಮಾತೇ ಆಡಲ್ಲ. ಚುಕ್ಕಿ ಅಂದ್ರೆ ಅವನು ಸುಮ್ನೆ ನಿಂತಿದ್ದಾನೆ ಅಂತ. ಅಲ್ಲೆಲ್ಲ ನೀವು ಮಾತು ತುಂಬಿದ್ದೀರಿ!"

"ಸುಮ್ನೆ ನಿಂತಿದ್ದಾನಾ? ಅವಳು ಅಷ್ಟೆಲ್ಲ ಕೇಳ್ತಾ ಇದ್ರೂ?"

"ಹೂಂ ಸಾರ್. ಅದಕ್ಕೇ ಅವಳು ದೆವ್ವ ಆಗಿರೋದು. ಈಗ ಜನ ಒಂದು ಸಾಲಿಗೆ ಹೆದರಿ ಇನ್ನೊಂದು ಸಾಲಿಗೆ ಅಳ್ತಾ ಇದ್ದಾರೆ. ತೆಗೆಯೋದೋ ಬಿಡೋದೋ ನಮಗೇ ಗೊತ್ತಾಗ್ತಿಲ್ಲ."

ಫೋನ್ ಇಟ್ಟ ಮೇಲೆ ಕೈಪಿಡಿಯವರು ಮೊದಲ ಸಲ ಆ ವಿವರಣೆಯನ್ನು ತೆರೆದು ಓದಿದರು. ಅಟ್ಟ ಮೇಲೆ ಒಲೆ ಉರಿಯಿತು, ಕೆಟ್ಟ ಮೇಲೆ ಬುದ್ಧಿ ಬಂತು. ಹೆಂಗಸು ಮುಚ್ಚಿದ ಬಾಗಿಲ ಹೊರಗೆ ಕಾಯುತ್ತಾಳೆ. ಗಂಡ ಒಳಗೆ ಇರುತ್ತಾನೆ, ಕರೆಯುವುದಿಲ್ಲ. ಚಳಿಗೆ ಅವಳು ಅಲ್ಲೇ ಸಾಯುತ್ತಾಳೆ. ದೆವ್ವದ ಭಯ ಅವರಿಗೆ ಆಗಲಿಲ್ಲ. ಆ ಗಂಡನನ್ನು ಕಂಡು ಭಯವಾಯಿತು.

ಇನ್ನು ಹೆಂಡತಿಯ ಅಣ್ಣನ ವಿಷಯ. ಆತ ಲಿಫ್ಟ್ ಇನ್‌ಸ್ಪೆಕ್ಟರು. ಊರಿನ ಯಾವ ಲಿಫ್ಟೂ ಆತನ ಸಹಿ ಇಲ್ಲದೆ ಮೇಲೇರುವಂತಿಲ್ಲ. ಹಲ್ಲು ನೋವು ಬಂದಾಗ, ತಂಗಿಯ ಗಂಡನ ಮೇಲೆ ಎಷ್ಟೇ ಸಿಟ್ಟಿದ್ದರೂ, ಅಭ್ಯಾಸದ ಮೇಲೆ ಅದೇ ಕಟ್ಟಡದ ಕೆಳಮಹಡಿಯ ಡಾಕ್ಟರ ಹತ್ತಿರ ಬಂದರು. ಮುಂದೆ ನಡೆದದ್ದನ್ನು ಡಾಕ್ಟರೇ ಆಮೇಲೆ ಕೈಪಿಡಿಯವರಿಗೆ ಅಭಿನಯ ಸಹಿತ ಹೇಳಿದರು.

ಇನ್‌ಸ್ಪೆಕ್ಟರ ಬಾಯಿ ತುಂಬ ಹತ್ತಿ, ಕೊಳವೆ, ಕನ್ನಡಿ. ಡಾಕ್ಟರು ಸೌಜನ್ಯಕ್ಕೆಂದು, "ನಿಮ್ಮ ತಂಗಿ ವಾಪಸ್ ಬಂದಿದ್ದು ಒಳ್ಳೇದಾಯ್ತು. ದಿನಾ ಸ್ವರ ಕೇಳಿಸುತ್ತೆ," ಎಂದರು.

"ಆಂ? ಆಂ ಆಂ!" ಎಂದರು ಇನ್‌ಸ್ಪೆಕ್ಟರು. ತಂಗಿ ತಮ್ಮ ಮನೆಯಲ್ಲೇ ಇರುವಾಗ ಇಲ್ಲಿ ದಿನಾ ಸ್ವರ ಬರುವ ಹೆಂಗಸು ಯಾರು?

"ನೋವಾಯ್ತಾ?"

"ಆಂ!" ಎಂದು ಇನ್‌ಸ್ಪೆಕ್ಟರು ಕೊಳವೆ ಕಿತ್ತೆಸೆದು ಅರ್ಧ ಕೊರೆದ ಹಲ್ಲಿನೊಡನೆಯೇ ಎದ್ದು ಹೋದರು. ಮೊದಲು ತಮ್ಮ ಮನೆಗೆ ಹೋಗಿ ತಂಗಿ ಇದ್ದಾಳೆಂದು ಖಾತ್ರಿ ಮಾಡಿಕೊಂಡು, ಮುಚ್ಚಿದ ಕೋಣೆಯ ಹೊರಗಿನಿಂದಲೇ ಸುದ್ದಿ ಹೇಳಿ, ಅವಳು "ಹೋಗಿ ನೋಡ್ಕೊಂಡು ಬಾ" ಎಂದಮೇಲೆ ಮತ್ತೆ ಇಲ್ಲಿಗೆ ಬಂದರು.

ಬಾಗಿಲು ತೆರೆದ ಕೈಪಿಡಿಯವರಿಗೆ ಕಂಡದ್ದು ಒಂದು ಕೆನ್ನೆ ಊದಿದ, ಒಂದು ಕಡೆ ತುಟಿ ಜೋತುಬಿದ್ದ ಮುಖ.

"ಎಲ್ಲೋ ಅವಳು?" ಸಿಟ್ಟಿನಲ್ಲಿ ಇಷ್ಟು ವರ್ಷದ ಬಹುವಚನ ಕೈಬಿಟ್ಟುಹೋಗಿತ್ತು.

"ಯಾರು ಭಾವ?"

ಇನ್‌ಸ್ಪೆಕ್ಟರು ಉತ್ತರ ಕೊಡದೆ ತಪಾಸಣೆ ಶುರುಮಾಡಿದರು. ಲಿಫ್ಟು ನೋಡುವವರ ಕಣ್ಣು ಬೇರೆ. ಪರದೆ ಎಳೆದರು, ಮಂಚದ ಕೆಳಗೆ ಟಾರ್ಚ್ ಬಿಟ್ಟರು, ಬಚ್ಚಲ ಬಾಗಿಲನ್ನು ತೆರೆದು ಮುಚ್ಚಿ ತೆರೆದು ಅದರ ಕೀಲು ಸಡಿಲವಾಗಿದೆಯೆಂದೂ ಹೇಳಿದರು. ಕೊನೆಗೆ ಮೇಜಿನ ಮೇಲೆ ಕಾಫಿಯ ಎರಡು ಲೋಟ ಕಂಡವು.

"ಇದು ಯಾರಿಗೆ?"

"ನನಗೆ."

"ಎರಡೂ?"

ಕೈಪಿಡಿಯವರ ಕಿವಿ ಕೆಂಪಾಯಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡವನ ಹಾಗೆ ನಿಂತಿದ್ದ ಅವರನ್ನು ಕಂಡು ಇನ್‌ಸ್ಪೆಕ್ಟರಿಗೆ ಅಪರಾಧ ಸಾಬೀತಾದಂತೆಯೇ ಅನ್ನಿಸಿತು. "ಡಾಕ್ಟರು ತಮ್ಮ ಕಿವಿಯಾರೆ ಕೇಳಿದ್ದಾರೆ! ದಿನಾ ಒಬ್ಬ ಹೆಂಗಸು ಇಲ್ಲಿ ಮಾತಾಡ್ತಾಳೆ!"

ಬೇರೆ ದಾರಿ ಇರಲಿಲ್ಲ. ಕೈಪಿಡಿಯವರು ಕಣ್ಣು ಮುಚ್ಚಿ, ಒಂದು ಕೈ ಸೊಂಟದ ಮೇಲಿಟ್ಟು, ತಮ್ಮ ದಪ್ಪ ಮೀಸೆಯ ಕೆಳಗಿನಿಂದ ಹೇಳಿದರು: "ಈಗ ಬಂತಾ ಮನೆ ನೆನಪು? ಚಪ್ಪಲಿ ಹೊರಗೆ ಬಿಡಿ. ಎಷ್ಟು ಸಲ ಹೇಳ್ಬೇಕು? ಹೋಗಿ ಕೈ ತೊಳ್ಕೊಳ್ಳಿ!"

ಇನ್‌ಸ್ಪೆಕ್ಟರು ತಮಗೇ ಗೊತ್ತಿಲ್ಲದೆ ಬಚ್ಚಲ ಕಡೆ ಎರಡು ಹೆಜ್ಜೆ ಇಟ್ಟರು. ಆಮೇಲೆ ತಿರುಗಿ ನಿಂತರು. ಮುಖ ಬಿಳಿಚಿತ್ತು.

"ಇದು... ಇದು ಬಾಗಿಲ ಹಿಂದಿನವಳು."

"ಭಾವ, ನೀವೂ ಆಡ್ತೀರಾ?"

"ಲಿಫ್ಟು ಕೆಟ್ಟು ಮಧ್ಯದಲ್ಲಿ ನಿಂತಾಗ ನಾನಾದ್ರೂ ಏನು ಮಾಡ್ಲಿ?" ಇನ್‌ಸ್ಪೆಕ್ಟರು ಕುರ್ಚಿಗೆ ಕುಸಿದರು. "ಆಡುವಾಗಲೆಲ್ಲ ಚಿಕ್ಕಂದಿನ ಭಯ ಬರ್ತಿತ್ತು. ಎಲ್ಲೋ ಕೇಳಿದ್ದೀನಿ ಅನ್ನಿಸ್ತಿತ್ತು. ಈಗ ಗೊತ್ತಾಯ್ತು. ನನ್ನ ತಂಗೀನ ದೆವ್ವ ಮಾಡಿಬಿಟ್ಟಿದ್ದೀರಲ್ಲ ಭಾವ!"

"ದೆವ್ವ ಅಂತ ನನಗೆ ಗೊತ್ತಿರಲಿಲ್ಲ. ಹೆಂಡತಿ ಅಂದ್ಕೊಂಡೇ ಬರೆದೆ," ಎಂದರು ಕೈಪಿಡಿಯವರು. "ಅವಳ ಮಾತು ಕೇಳಿ ಬಹಳ ದಿನ ಆಗಿತ್ತು. ಅದಕ್ಕೇ ನಾನೇ ಹೇಳ್ಕೊಳ್ತಾ ಇದ್ದೆ."

ಇನ್‌ಸ್ಪೆಕ್ಟರು ಊದಿದ ಕೆನ್ನೆಯನ್ನು ಹಿಡಿದುಕೊಂಡರು. ತಣ್ಣಗಾದ ಎರಡನೇ ಕಾಫಿಯನ್ನು ಕುಡಿಯಲು ಹೋಗಿ, ಅರ್ಧ ತುಟಿಯಿಂದ ಸೋರಿಸಿಕೊಂಡು, ಥಟ್ಟನೆ ಎದ್ದು ನಿಂತರು.

"ಅಯ್ಯೋ! ನನ್ನ ಟ್ಯಾಬು! ಬೆಳಗ್ಗೆ ಅವಳೇ ಇಸ್ಕೊಂಡ್ಲು. 'ಏನಣ್ಣ ಯಾವಾಗ್ಲೂ ಇದ್ರಲ್ಲಿ ಮುಖ ಇಟ್ಕೊಂಡಿರ್ತೀಯ, ನೋಡೋಣ ಕೊಡು' ಅಂತ. ಆಗಿನಿಂದ ಕೋಣೆ ಚಿಲಕ ಹಾಕ್ಕೊಂಡಿದ್ದಾಳೆ!"

"ಊಟಕ್ಕೆ?"

"ಬಂದಿಲ್ಲ."

ಕೈಪಿಡಿಯವರು ಚಪ್ಪಲಿಯನ್ನು ಅದಲುಬದಲು ಮೆಟ್ಟಿಕೊಂಡು ಆಗಲೇ ಮೆಟ್ಟಿಲಿಳಿಯುತ್ತಿದ್ದರು. ಅವಳೇ ಬರಲಿ ಎಂಬ ಅಷ್ಟು ದಿನದ ಹಟ ಮನೆಯೊಳಗೇ ಉಳಿಯಿತು. ಹೆಂಡತಿ ತನ್ನ ಮಾತುಗಳನ್ನೇ ಒಂದು ಹೆಣದ ಬಾಯಲ್ಲಿ ಓದುತ್ತಾ ಕೂತಿದ್ದಾಳೆ. ಇನ್ನು ಅವಳು ಬರುವುದುಂಟೇ ಎಂಬ ಒಂದೇ ಯೋಚನೆ ದಾರಿಯುದ್ದಕ್ಕೂ ಅವರನ್ನು ತಿಂದಿತು.

ಇಬ್ಬರೂ ಮನೆ ಮುಟ್ಟಿದಾಗ ಇನ್‌ಸ್ಪೆಕ್ಟರ ಹೆಂಡತಿ ಹೊಸ್ತಿಲಲ್ಲೇ ನಿಂತಿದ್ದರು. "ಬೆಳಗ್ಗೆ ಇವರು ಹಲ್ಲು ತೋರಿಸೋಕೆ ಹೋದ್ಮೇಲೆ ಮೊದಲು ನಿಮ್ಮನ್ನ ಚೆನ್ನಾಗಿ ಬೈದ್ಲು. 'ನನ್ನ ದೆವ್ವ ಮಾಡಿದ್ದಾರೆ' ಅಂತ ನನಗೆ ಕೇಳೋ ಹಾಗೆ. ಆಮೇಲೆ ನಕ್ಳು. ಅಣ್ಣನಿಗೆ ಒಂದು ಮಾತು ಹೇಳಿದ್ದು ಬಿಟ್ರೆ ಆಮೇಲಿಂದ ಸದ್ದೇ ಇಲ್ಲ. ಅವಳು ಸುಮ್ನಿದ್ರೆ ನಮಗೆ ಕೈಕಾಲು ಆಡಲ್ಲ ನೋಡಿ," ಎಂದು ಪಿಸುಗುಟ್ಟಿ ಕೋಣೆಯ ಕಡೆ ಕೈ ತೋರಿಸಿದರು.

ಕೈಪಿಡಿಯವರು ಬಾಗಿಲ ಮುಂದೆ ಹೋಗಿ ನಿಂತರು. ತಟ್ಟುವ ಮೊದಲೇ ಒಳಗಿನಿಂದ ದನಿ ಬಂತು.

"ಬಂದ್ರಾ?"

"ಹೂಂ."

"ಕೊನೆಗೆ ಇವಳು ಏನಾಗ್ತಾಳೆ?"

"ಯಾರು?"

"ಈ ಆಟದವಳು. ಅವನು ಇಷ್ಟೊಂದು ಕರೀತಾನೆ. ಮನೇಲಿ ಸದ್ದೇ ಇಲ್ಲ ಅಂತಾನೆ, ಬೈಯೋಕಾದ್ರೂ ಬಾ ಅಂತಾನೆ. ನಾನು ಇರೋ ಆಯ್ಕೆಯೆಲ್ಲ ಒತ್ತಿ ನೋಡ್ದೆ. ಹೇಗೆ ಆಡಿದ್ರೂ ಇವಳು ಮನೆಗೆ ಹೋಗಲ್ಲ. ಯಾಕೆ? ಅಷ್ಟು ಕರೆದ ಮೇಲೂ ಯಾಕೆ ಹೋಗಲ್ಲ?"

"ಹೋಗೋಕೆ ಆಗಲ್ಲ ಕಣೇ. ಅವಳು ಸತ್ತುಹೋಗಿದ್ದಾಳೆ. ಅವನು ಕರೆಯೋ ಹೊತ್ತಲ್ಲಿ ಕರೀಲಿಲ್ಲ. ಆ ಮಾತೆಲ್ಲ ಅವನದ್ದಲ್ಲ, ಅವನು ಸುಮ್ನೆ ನಿಂತಿದ್ದ. ಅದೆಲ್ಲ ನಾನು ಬರೆದಿದ್ದು."

ಇನ್‌ಸ್ಪೆಕ್ಟರೂ ಅವರ ಹೆಂಡತಿಯೂ ಬಾಗಿಲ ಹತ್ತಿರ ಸರಿದು ಕಿವಿಗೊಟ್ಟರು.

"ನಾನು ಸತ್ತಿಲ್ವಲ್ಲ," ಎಂದಿತು ದನಿ.

"ಇಲ್ಲ," ಎಂದರು ಕೈಪಿಡಿಯವರು.

"ಮತ್ತೆ?"

ಇನ್‌ಸ್ಪೆಕ್ಟರು ಹಿಂದಿನಿಂದ ತಿವಿದರು. ಕೈಪಿಡಿಯವರ ಬಾಯಿ ತೆರೆಯಿತು. ಕಸುಬಿನ ಚಾಳಿ ಬಿಡಲಿಲ್ಲ. "ದಯವಿಟ್ಟು ಗಮನಿಸಿ..." ಎಂದು ಶುರುವಾಯಿತು. ಇನ್‌ಸ್ಪೆಕ್ಟರು ಹಣೆ ಚಚ್ಚಿಕೊಂಡರು. ಕೈಪಿಡಿಯವರು ಮತ್ತೆ ಶುರುಮಾಡಿದರು.

"ಹೋಗ್ಬೇಡ ಅಂತ ಅವತ್ತೇ ಹೇಳ್ಬೇಕಿತ್ತು. ಹೇಳ್ಲಿಲ್ಲ. ನೀನಿಲ್ಲದೆ ನನಗೆ ಇರೋಕಾಗ್ತಿಲ್ಲ. ಮನೆಗೆ ಬಾ."

ಚಿಲಕ ಸರಿಯಿತು. ಬಾಗಿಲಲ್ಲಿ ಆಕೆ ನಿಂತಿದ್ದರು. ಕಣ್ಣು ಕೆಂಪಗಿತ್ತು, ಕೈಯಲ್ಲಿ ಟ್ಯಾಬಿತ್ತು.

"ಇನ್ನೊಂದ್ಸಲ ಹೇಳಿ."

"ಕೇಳಿಸ್ತಲ್ಲಮ್ಮ," ಎಂದರು ಇನ್‌ಸ್ಪೆಕ್ಟರು ಅರ್ಧ ತುಟಿಯಲ್ಲಿ. "ನಮಗೆಲ್ಲ ಕೇಳಿಸ್ತು."

"ನೀನು ಸುಮ್ನಿರು ಅಣ್ಣ. ನೀವು ಹೇಳ್ರೀ."

ಕೈಪಿಡಿಯವರು ಹೇಳಿದರು. ಆಮೇಲೆ, ಯಾರೂ ಕೇಳದಿದ್ದರೂ, ಮತ್ತೊಮ್ಮೆ ಹೇಳಿದರು.